ಮೋಟಾರಿನ ಗಾಲಿಗೆ ಕುಂಕುಮ

"ಎಳೀರೋ ಬೇವರ್ಸಿಗಳಾ! ಗಂಜಿ ಕುಡೂಕೆ ಬಾಯಿ ಅದೆ, ಎಳೂಕೆ ಕೈ ಇಲ್ಯಾ? ರಂಡೆಮಕ್ಕಳಾ, ಎಳೀರೋ!"

ಕೃಷ್ಣಾನಂದ ಒಡೆಯರು ಮೋಟಾರಿನ ಒಳಗೆ ಕೂತು, ಕಿಟಕಿಯಿಂದ ತಲೆ ಹೊರಗೆ ಹಾಕಿ ಬೈಯುತ್ತಿದ್ದರು. ಕುಮಟೆ ಪೇಟೆ ದಾಟಿದ ಮೇಲೆ ಅವರ ಮೋಟಾರು ಒಮ್ಮೆಲೇ ಚರ್ರೆಂದು ನಿಂತುಬಿಟ್ಟಿತ್ತು. ನಮ್ಮ ಮುಕ್ರಿಕೇರಿಯ ಗಂಡಸರು ಹೆಂಗಸರೆಲ್ಲ ಸೇರಿ ಹಗ್ಗ ಹಾಕಿ ಅದನ್ನು ಅವರ ಮನೆಗೆ ಎಳೆಯುತ್ತಿದ್ದೆವು. ಹಗ್ಗವೆಂದರೆ ಬಲು ಉದ್ದದ ಹಗ್ಗ. ನಾವು ಮೋಟಾರನ್ನು ಮುಟ್ಟುವಂತಿಲ್ಲ, ಅದರ ಹತ್ತಿರ ಸುಳಿಯುವಂತಿಲ್ಲ.

ಅಷ್ಟಾದರೂ ಒಡೆಯರ ಪುರೋಹಿತರಾದ ವಿಘ್ನೇಶ್ವರ ಭಟ್ಟರಿಗೆ ಸಮಾಧಾನವಿರಲಿಲ್ಲ. ನಮ್ಮ ಕೈಯ ಮೈಲಿಗೆ ಹಗ್ಗದ ಮೇಲೆ ಇರುವೆಯ ಹಾಗೆ ಹರಿದು ಮೋಟಾರಿಗೆ ಹತ್ತಿದರೆ ಏನು ಗತಿ? ಅದಕ್ಕೆ ಹಗ್ಗವನ್ನು ನಡುವೆ ಕಡಿಸಿ, ಎರಡು ತುಂಡುಗಳಿಗೆ ದರ್ಭೆಯ ದಪ್ಪ ಹುರಿಯನ್ನು ಗಂಟು ಹಾಕಿದ್ದರು. ದರ್ಭೆಯನ್ನು ಮೈಲಿಗೆ ದಾಟುವುದಿಲ್ಲವಂತೆ. ಭಟ್ಟರು ಆ ಗಂಟಿನ ಪಕ್ಕದಲ್ಲೇ ಕೊಡೆ ಹಿಡಿದು ನಡೆಯುತ್ತ, ಮೈಲಿಗೆ ದಾಟುತ್ತದೆಯೋ ಎಂದು ಬಗ್ಗಿ ಬಗ್ಗಿ ನೋಡುತ್ತಿದ್ದರು.

"ಭಟ್ರಿಗೆ ಅದು ಕಾಣ್ತದೇನೋ ತಮಾ," ಎಂದಳು ನನ್ನ ಅತ್ತಿಗೆ ಗಂಗಿ. "ಬಣ್ಣ ಎಂತದು ಅಂತ ಕೇಳ್ಲಾ?"

"ಬಾಯ್ಮುಚ್ಚೇ," ಎಂದ ನನ್ನ ಅಣ್ಣ ದುರ್ಗ.

ನಡುನಡುವೆ ಒಡೆಯರು ರಬ್ಬರಿನ ಹಾರ್ನು ಹಿಚುಕುತ್ತಿದ್ದರು. ಪೊಂಯ್ಕ್. ಆ ಸದ್ದು ಕೇಳಿದರೆ ನಮ್ಮ ಕಾಲು ತಾನಾಗಿ ರಸ್ತೆ ಬಿಟ್ಟು ಕೆಸರಿಗೆ ಇಳಿಯುತ್ತಿತ್ತು. ಮೋಟಾರು ಬಂದ ದಿನದಿಂದ ಹಾಗೇ ರೂಢಿ. ಒಡೆಯರ ಮನೆಗೆ ಹೋಗಲು ಇದ್ದದ್ದು ಒಂದೇ ದಾರಿ, ಗಜನಿ ಗದ್ದೆಯ ದಂಡೆ. ಒಂದು ಬದಿಗೆ ಅಘನಾಶಿನಿಯ ಉಪ್ಪುನೀರು, ಇನ್ನೊಂದು ಬದಿಗೆ ನಮ್ಮ ಕಗ್ಗದ ಭತ್ತ, ನಡುವೆ ಮಣ್ಣಿನ ದಂಡೆ. ಹಾರ್ನು ಕೇಳಿದೊಡನೆ ನಾವು ಮೊಣಕಾಲುದ್ದ ಕೆಸರಿಗೆ ಇಳಿದು, ಮೋಟಾರು ಹೋಗುವವರೆಗೆ ಅಲ್ಲೇ ನಿಲ್ಲಬೇಕು. ಈಗ ನಾವೇ ಎಳೆಯುವವರು. ಪೊಂಯ್ಕ್ ಎಂದಾಗ ಅರ್ಧ ಜನ ಹಗ್ಗ ಬಿಟ್ಟು ಕೆಸರಿಗೆ ಹಾರಿದರು. ಮೋಟಾರು ನಿಂತಿತು.

"ಎಂತಕ್ರೋ ಬಿಟ್ರಿ, ಸೂಳೆಮಕ್ಕಳಾ!"

"ನೀವು ಹಾರ್ನು ಹಾಕ್ದ್ರಲ್ರಾ ಒಡ್ಯಾ," ಎಂದ ಅಣ್ಣ, ಕೆಸರಿನಲ್ಲಿ ಕೈ ಕಟ್ಟಿಕೊಂಡು.

ದಂಡೆಯ ನಡುಮಧ್ಯಕ್ಕೆ ಬಂದಾಗ ಅಣ್ಣನೇ ಮತ್ತೆ ಬಾಯಿ ತೆರೆದ. ಅಲ್ಲಿ ಮೋಟಾರಿನ ಭಾರಕ್ಕೆ ದಂಡೆ ಕುಸಿದು ಬಾಯಿ ಬಿಟ್ಟಿತ್ತು. ಸಣ್ಣಗೆ ಉಪ್ಪುನೀರು ಒಳಗೆ ಬರುತ್ತಿತ್ತು.

"ಒಡ್ಯಾ, ಅಮಾಸೆ ಭರ್ತಿ ಬತ್ತದೆ, ಹೊಳೆ ಉಕ್ತದೆ. ದಂಡೆ ಕಟ್ಟೂಕೆ ನಮ್ಮನ್ನ ಬಿಡಿ. ಭತ್ತ ಕೊಯ್ಲಿಗೆ ಬಂದದೆ, ಉಪ್ಪುನೀರು ನಿಂತ್ರೆ ಕೊಳೆತೇ ಹೋಗ್ತದೆ."

"ಮೊದಲು ಮೋಟಾರು. ಆಮೇಲೆ ನಿಮ್ಮ ಭತ್ತ."

"ಮಕ್ಕಳು ಮರಿ ಆ ಭತ್ತದ ಮೇಲೇ ಇರೂದು ಒಡ್ಯಾ."

"ಮಕ್ಕಳನ್ನ ಹಡೀಲಿಕ್ಕೆ ನನ್ನ ಕೇಳಿದ್ದ್ಯೇನೋ? ಎಳಿ!"

ಎಳೆದೆವು.

ಮೋಟಾರು ರಿಪೇರಿಗೆ ಭಟ್ಕಳದಿಂದ ಕಾದಿರ್ ಮೀರಾ ಸಾಬರು ಬಂದರು. ಲಾರಿ, ಬಸ್ಸು, ದೋಣಿಯ ಇಂಜಿನ್ನು ಎಲ್ಲ ಬಿಚ್ಚುವವರು. ನಮ್ಮನ್ನು ಅಂಗಳದ ತುದಿಯಲ್ಲಿ, ಹಗ್ಗದ ಕಡೆಯಲ್ಲಿ ನಿಲ್ಲಿಸಿದ್ದರು. ಯಾವ ಹೊತ್ತಿಗೆ ಎಳೆಯಬೇಕಾಗುತ್ತದೋ, ಕರೆದರೆ ಸಿಗಬೇಕು ಎಂದು ಒಡೆಯರು ಯಾರನ್ನೂ ದಂಡೆಗೆ ಬಿಡಲಿಲ್ಲ. ಹಾಗಾಗಿ ಆದದ್ದನ್ನೆಲ್ಲ ನಾನು ಕಣ್ಣಾರೆ ಕಂಡೆ.

ಸಾಬರು ಇಂಜಿನ್ನಿನ ಮುಂದಿನ ತಗಡಿನ ಮುಚ್ಚಳ ಬಿಚ್ಚಿದರು. ಒಳಗೆ ಹಲ್ಲಿನ ಎರಡು ಗಾಲಿ, ಒಂದು ದೊಡ್ಡದು, ಒಂದು ಸಣ್ಣದು. ಎರಡನ್ನೂ ಸುತ್ತಿದ ಸರಪಳಿ ತುಂಡಾಗಿ ಸತ್ತ ಹಾವಿನ ಹಾಗೆ ಕೆಳಗೆ ಬಿದ್ದಿತ್ತು. ಸಾಬರು ಅದನ್ನು ಎತ್ತಿ ಮೂಸಿದರು. ಮತ್ತೊಮ್ಮೆ ಮೂಸಿದರು.

"ಒಡೇರೇ, ಇದು ಕೊಬ್ಬರಿ ಎಣ್ಣೆ!"

"ಹೌದು," ಎಂದರು ಒಡೆಯರು. "ಇಂಜಿನ್ ಎಣ್ಣೆಯಲ್ಲಿ ಎಂತೆಂತ ಕೊಬ್ಬು ಇರ್ತದೋ ಏನೋ ಅಂತ ಭಟ್ಟರು ಹೇಳಿದ್ರು."

"ಯಾ ಅಲ್ಲಾ! ಇದಕ್ಕೆ ತಲೆ ಬಾಚಿ ಹೂ ಮುಡಿಸೂದಿತ್ತಾ? ಸರಪಳಿ ಸಡಿಲಾಗಿ ಮುಚ್ಚಳಕ್ಕೆ ಬಡೀತದೆ, ಚರಚರ ಹೇಳ್ತದೆ, ಎಣ್ಣೆ ಬದಲು ಮಾಡಿ ಅಂತ ಮಳೆಗಾಲದ ಮೊದಲೇ ಹೇಳಿದ್ದೆ ನಾನು."

"ಬದಲು ಮಾಡಿದೆವಲ್ಲ," ಎಂದರು ಭಟ್ಟರು.

ಸಾಬರು ಸರಪಳಿಯನ್ನು ಬದಿಗೆ ಎಸೆದರು. ಹಳೆಯ ಗಾಲಿಗಳಲ್ಲಿ ಕಂಪನಿಯವರು ಕೊರೆದ ಗುರುತು ಸವೆದುಹೋಗಿತ್ತು. ಅವರು ಇಂಜಿನ್ನನ್ನು ಕೈಯಿಂದ ತಿರುಗಿಸಿ, ಕಣ್ಣು ಕಿರಿದು ಮಾಡಿ ನೋಡಿ, ಎಲೆಯಡಿಕೆಯ ಸಂಚಿಯಿಂದ ಸುಣ್ಣ ತೆಗೆದು ಎರಡೂ ಗಾಲಿಗೆ ಒಂದೊಂದು ಬಿಳಿ ಚುಕ್ಕೆ ಇಟ್ಟರು. ಮತ್ತೆ ಗಾಲಿಗಳನ್ನು ಬಿಚ್ಚಿ ಬಾಳೆ ಎಲೆಯ ಮೇಲಿಟ್ಟು, ಒಡೆಯರ ತಂಗಿಯ ಮಗ ರಮಾನಂದನಿಗೆ ಹೇಳಿದರು. ಮೋಟಾರು ಬಿಡುತ್ತಿದ್ದವನು ಅವನೇ.

"ನೋಡಿ, ಹೊಸ ಸರಪಳಿ ಹಾಕುವಾಗ ಚುಕ್ಕೆಗೆ ಚುಕ್ಕೆ ಎದುರುಬದುರು ಬರಬೇಕು. ಒಂದು ಹಲ್ಲು ಆಚೀಚೆ ಆದ್ರೂ ಇಂಜಿನ್ನಿಗೆ ಉಸಿರು ತಪ್ತದೆ. ಒಳಗೆ ಎಳ್ಕೊಳ್ಳೋ ಹೊತ್ತಿಗೆ ಹೊರಗೆ ಬಿಡ್ತದೆ. ಸೀನ್ತದೆ, ಕೆಮ್ಮತದೆ, ಎಳೂದಿಲ್ಲ. ಆದ್ರೆ ನಿಮಗೆಂತಕೆ ತೊಂದರೆ, ನಾನೇ ಹಾಕ್ತೇನೆ."

ಹೊಸ ಸರಪಳಿಗೆ ಅವರು ಕೈ ಹಾಕುವಷ್ಟರಲ್ಲಿ ಭಟ್ಟರು ಅಡ್ಡ ಬಂದರು.

"ಹ್ವಾಯ್, ನಿಲ್ಲಿ! ಅದು ಮುಂಬಯಿಂದ ಬಂದದ್ದು. ಯಾರ್ಯಾರು ಮುಟ್ಟಿದ್ದೋ! ಶುದ್ಧ ಮಾಡ್ದೇ ಹ್ಯಾಂಗೆ ಒಳಗೆ ಹಾಕೂದು? ಶುದ್ಧ ಮಾಡಿದ ಮೇಲೆ ಸಾಬ್ರು ಮುಟ್ಟೂದು ಹ್ಯಾಂಗೆ?"

ಒಡೆಯರು ಯೋಚಿಸಿ ತಲೆಯಾಡಿಸಿದರು. ಸಾಬರು ಕೈ ಒರೆಸಿಕೊಂಡು, ಸಂಚಿ ಸೊಂಟಕ್ಕೆ ಸಿಕ್ಕಿಸಿಕೊಂಡು, ನಗುವುದೋ ಅಳುವುದೋ ತಿಳಿಯದ ಮುಖದಲ್ಲಿ ಎದ್ದರು. ನಮ್ಮ ಹತ್ತಿರ ಹಾದು ಹೋಗುವಾಗ, "ಹಗ್ಗ ಗಟ್ಟಿ ಇಟ್ಕೊಳ್ಳಿ ಮಾರಾಯ್ರೆ," ಎಂದರು.

ಭಟ್ಟರು ಎರಡೂ ಗಾಲಿಗಳನ್ನು ಗೋಮೂತ್ರದಲ್ಲಿ ತಿಕ್ಕಿ ತಿಕ್ಕಿ ತೊಳೆದರು. ಸರಪಳಿಗೆ ಮಲ್ಲಿಗೆ ಮುಡಿಸಿದರು. ಗಾಲಿಗಳು ಬೆಳ್ಳಗೆ ಹೊಳೆದವು. ಬೋಳು ಹಣೆ ನೋಡಲಾಗದೆ ಎರಡಕ್ಕೂ, ಚಂದ ಕಂಡ ಕಡೆಯಲ್ಲಿ, ಒಂದೊಂದು ಕುಂಕುಮದ ಬೊಟ್ಟು ಇಟ್ಟರು. ಸುಣ್ಣದ ಚುಕ್ಕೆ ಆ ಹೊತ್ತಿಗೆ ಗೋಮೂತ್ರದ ಜೊತೆ ಬಚ್ಚಲು ಸೇರಿತ್ತು.

ರಮಾನಂದ ಊಟ ಮುಗಿಸಿ ತೇಗುತ್ತ ಬಂದ. ಗಾಲಿ ನೋಡಿದ. "ಚುಕ್ಕೆಗೆ ಚುಕ್ಕೆ," ಎಂದು ತನಗೆ ತಾನೇ ಹೇಳಿಕೊಂಡು, ಕುಂಕುಮಕ್ಕೆ ಕುಂಕುಮ ಎದುರುಬದುರು ಮಾಡಿ, ಸರಪಳಿ ಸುತ್ತಿ, ಮುಚ್ಚಳ ಬಿಗಿದ.

ನಮಗೇನು ಗೊತ್ತು? ಗಾಲಿಗೂ ಮುತ್ತೈದೆತನ ಇರುತ್ತದೇನೋ ಎಂದುಕೊಂಡೆವು.

ಅಮಾವಾಸ್ಯೆಯ ದಿನ ಕುಮಟೆಗೆ ದೊಡ್ಡ ಸಾಹೇಬರು ಬರುವವರಿದ್ದರು. ಯುದ್ಧ ನಡೆಯುತ್ತಿದ್ದ ಕಾಲ, ಪೆಟ್ರೋಲಿಗೆ ಚೀಟಿ. ಹೆಚ್ಚಿನ ಚೀಟಿ ಕೇಳಲು ಒಡೆಯರು ಕರಿ ಕೋಟು ಹಾಕಿ ಹೊರಟರು. ಮುಹೂರ್ತಕ್ಕೆಂದು ಭಟ್ಟರೂ ಹತ್ತಿದರು. ನಾವು ಹಗ್ಗ ಹಿಡಿದು ಹಿಂದಿನಿಂದ ಓಡಬೇಕೆಂದು ಅಪ್ಪಣೆಯಾಯಿತು.

ರಮಾನಂದ ಮುಂದಿನ ಹಿಡಿ ತಿರುಗಿಸಿದ. ಇಂಜಿನ್ನು ಸೀನಿತು. ಇನ್ನೊಮ್ಮೆ ತಿರುಗಿಸಿದ, ಇನ್ನೊಮ್ಮೆ ಸೀನಿತು.

"ಒಂದು ಸೀನು ಅಪಶಕುನ, ಎರಡು ಸೀನು ಶುಭ," ಎಂದರು ಭಟ್ಟರು.

ಮೂರನೆಯದಕ್ಕೆ ಏನೆಂದು ಅವರು ಹೇಳಲಿಲ್ಲ. ಮೋಟಾರು ಕೆಮ್ಮುತ್ತ, ಮುಗ್ಗರಿಸುತ್ತ, ಕುಡಿದವನ ಹಾಗೆ ದಂಡೆ ಹತ್ತಿತು. ಸರಿಯಾಗಿ ಕುಸಿದ ಜಾಗಕ್ಕೆ ಬಂದಾಗ ಢಮಾರ್ ಎಂದು ಕೋವಿ ಹೊಡೆದ ಸದ್ದಾಯಿತು. ಭಟ್ಟರು ಬಾಗಿಲು ತೆರೆದು ಕೆಳಗೆ ಉರುಳಿದರು.

"ಜಪಾನಿನವ ಬಂದಾ! ಆನು ಸತ್ತಿ, ಆನು ಸತ್ತಿ!"

ಮೋಟಾರು ನಿಂತೇ ಹೋಯಿತು. ರಮಾನಂದ ಬಾನೆಟ್ಟು ಎತ್ತಿ ಕೂಗಿದ: "ಒಮ್ಮೆ ತಿರುಗ್ಸಿ ಮಾವಾ!" ಒಡೆಯರು ಹಿಡಿ ತಿರುಗಿಸಿದರು. ಮತ್ತೊಂದು ಢಮಾರ್. ರಮಾನಂದನ ಹುಬ್ಬು ಹೋಯಿತು.

ಆಚೆ ನದಿಯಲ್ಲಿ ನೀರು ಏರತೊಡಗಿತ್ತು. ಕುಸಿದ ಬಾಯಿಯಿಂದ ಉಪ್ಪುನೀರು ಈಗ ಕೊಡದಿಂದ ಸುರಿದ ಹಾಗೆ ಗಜನಿಗೆ ಇಳಿಯುತ್ತಿತ್ತು. ನಾವು ಹಗ್ಗ ಹಾಕಿ ಎಳೆದೆವು. ದರ್ಭೆಯ ಹುರಿ ಕಿರ್ರೆಂದು ಕಿರುಚಿ ತುಂಡಾಯಿತು. ನಾವೆಲ್ಲ ಒಬ್ಬರ ಮೇಲೊಬ್ಬರು ಅಂಗಾತ ಬಿದ್ದೆವು.

"ಒಡ್ಯಾ," ಎಂದ ಅಣ್ಣ ಎದ್ದು. "ಹಿಂದಿಂದ ದೂಡಿದ್ರೆ ಆಗ್ತದೆ. ಮುಟ್ಟಬೇಕಾಗ್ತದೆ. ಮುಟ್ಲಾ?"

"ಮುಟ್ಟಿದ್ರೆ ಕೈ ಕಡೀತೇನೆ!"

ಒಡೆಯರು, ಭಟ್ಟರು, ಹುಬ್ಬಿಲ್ಲದ ರಮಾನಂದ ತಾವೇ ಹಿಂದೆ ನಿಂತು ದೂಡಿದರು. ಹಿಂದಿನ ಗಾಲಿ ದಂಡೆಯ ಅಂಚಿಗೆ ಜಾರಿತು. ಒಡೆಯರು ಅದಕ್ಕಿಂತ ಮುಂಚೆ ಜಾರಿದರು. ಕರಿ ಕೋಟಿಗೆ ಕೆಸರು ಮೆತ್ತಿಕೊಂಡು ಮೇಲೆ ಬಂದವರು ನಗು ತಡೆಯುತ್ತಿದ್ದ ನಮ್ಮ ಮುಖಗಳನ್ನು ಒಂದೊಂದಾಗಿ ನೋಡಿದರು.

"ಎತ್ತು ಹೊಡ್ಕೊಂಡು ಬತ್ತೇವೆ. ಅಲ್ಲಿವರೆಗೆ ಕಾಯಿರಿ. ಯಾವ ನಾಯಿಮಗನೂ ಮುಟ್ಟಕೂಡದು."

"ದಂಡೆ ಒಡ್ಯಾ? ನೀರು ಒಳಗೆ ಬತ್ತೇ ಅದೆ."

"ಸಾಯಲಿ ನಿನ್ನ ದಂಡೆ!"

ಮೂವರೂ ಮನೆ ಕಡೆ ಹೋದರು. ನಾವು ಬುಟ್ಟಿ ತಂದು ಮಣ್ಣು ಸುರಿದೆವು, ನೀರು ಅದನ್ನು ಕುಡಿದು ಮುಗಿಸಿತು. ಹುಲ್ಲು ಹಾಕಿದೆವು, ತೆಂಗಿನ ಮಡಲು ಹಾಕಿದೆವು, ಅವು ತೇಲಿ ಗಜನಿಯ ಒಳಗೆ ಹೋದವು. ಬಾಯಿ ಅಗಲವಾಗುತ್ತಲೇ ಇತ್ತು. ಕಗ್ಗದ ತೆನೆಗಳ ಬುಡದಲ್ಲಿ ಉಪ್ಪುನೀರು ಹೊಳೆಯುವುದು ಕಾಣುತ್ತಿತ್ತು.

"ಭಾರದ್ದು ಎಂತಾರು ಬೇಕು," ಎಂದ ಅಣ್ಣ. "ಒಂದು ಬಂಡೆ ಇದ್ದಿದ್ರೆ."

ಗಂಗಿ ಅತ್ತಿಗೆ ಬುಟ್ಟಿ ಕೆಳಗಿಟ್ಟಳು. ಸೀದಾ ಮೋಟಾರಿನ ಹತ್ತಿರ ಹೋದಳು. ಸೆರಗಿಗೆ ಕೈ ಒರೆಸಿಕೊಂಡು, ಅದರ ಮೂತಿಯ ಮೇಲೆ ಅಂಗೈ ಇಟ್ಟಳು. ನಾವೆಲ್ಲ ಒಂದು ಹೆಜ್ಜೆ ಹಿಂದೆ ಸರಿದೆವು. ಏನೂ ಆಗಲಿಲ್ಲ.

"ಬೆಚ್ಚಗೆ ಅದೆ ರಾ," ಎಂದಳು. "ಈದ ಎಮ್ಮೆ ಹಾಂಗೆ."

ಆಮೇಲೆ ಎಲ್ಲರೂ ಮುಟ್ಟಿದೆವು. ದೀಪ ಮುಟ್ಟಿದೆವು, ಬಾಗಿಲು ಮುಟ್ಟಿದೆವು. ನಾನು ಒಳಗೆ ಕೈ ಹಾಕಿ ಹಾರ್ನು ಹಿಚುಕಿದೆ. ಪೊಂಯ್ಕ್. ಅರ್ಧ ಜನ ಕೆಸರಿಗೆ ಹಾರಿದರು.

"ಥೂ, ನಿನ್ನ!" ಎಂದು ಬೈಯುತ್ತ, ನಗುತ್ತ ಮೇಲೆ ಬಂದರು.

"ನಿಂತ್ಕಂಡು ಎಂತ ನೋಡ್ತ್ರಿ?" ಎಂದಳು ಗಂಗಿ. "ದೂಡಿ!"

ದೂಡಿದೆವು. ಮೋಟಾರು ಹಿಂದಕ್ಕೆ ಉರುಳಿ, ಬಾಯಿ ಬಿಟ್ಟ ಜಾಗಕ್ಕೆ ಓರೆಯಾಗಿ ಜಾರಿ, ನೀರಿಗೆ ಬಿದ್ದ ಕೋಣದ ಹಾಗೆ ಹೂಸು ಬಿಟ್ಟು ಕೂತುಕೊಂಡಿತು. ಅಳತೆ ತೆಗೆದು ಮಾಡಿಸಿದರೂ ಅಷ್ಟು ಸರಿಯಾಗುತ್ತಿರಲಿಲ್ಲ. ಕಿಟಕಿಗಳಿಂದ ಒಳಗೆಲ್ಲ ಮಣ್ಣು ತುಂಬಿದೆವು, ಸಂದಿಗೆ ಹುಲ್ಲು ತುರುಕಿ ಕೆಸರು ಮೆತ್ತಿದೆವು. ಭರ್ತಿ ಬಂದು ಮೋಟಾರಿನ ಬೆನ್ನಿಗೆ ತಲೆ ಹೊಡೆದುಕೊಂಡು ಹಿಂದೆ ಹೋಯಿತು.

ಒಡೆಯರು ಎತ್ತು ಹೊಡೆದುಕೊಂಡು ಬಂದಾಗ ದಂಡೆಗೆ ಸಮವಾಗಿ ಮೋಟಾರಿನ ನೆತ್ತಿಯ ಮಾಡು ಮಾತ್ರ ಕಾಣುತ್ತಿತ್ತು. ಹಾರ್ನು ಗಂಗಿಯ ಕೈಯಲ್ಲಿತ್ತು. ಮಣ್ಣು ತುಂಬುವಾಗ ಅವಳು ಅದನ್ನು ಕಿತ್ತು ತೆಗೆದಿದ್ದಳು.

"ಮುಟ್ಟಿದ್ರೇನ್ರೋ?" ಒಡೆಯರ ಸ್ವರ ಕೀರಲಾಗಿತ್ತು.

"ಹೌದು ಒಡ್ಯಾ. ಎಲ್ಲರೂ ಮುಟ್ಟಿದ್ವಿ. ಎಲ್ಲಾ ಬದಿಗೂ," ಎಂದ ಅಣ್ಣ.

"ಎಳ್ದು ತೆಗೀರಿ ಹೊರಗೆ!"

"ತೆಗಿಲಕ್ಕು," ಎಂದಳು ಗಂಗಿ. "ಮತ್ತೆ ನೀರು ಒಳಗೆ ಬತ್ತದೆ. ನಿಮ್ಮ ಗೇಣಿ ಭತ್ತನೂ ಅಲ್ಲೇ ಅದೆ. ತೆಗ್ಯೂದಾ?"

ಒಡೆಯರು ಗಜನಿ ನೋಡಿದರು, ಮೋಟಾರು ನೋಡಿದರು, ಭಟ್ಟರನ್ನು ನೋಡಿದರು. ಭಟ್ಟರು ಎತ್ತುಗಳನ್ನು ನೋಡಿದರು.

ಮರುದಿನ ಅಣ್ಣನನ್ನು ಅಂಗಳಕ್ಕೆ ಕರೆಸಿದರು. ತೆಂಗಿನ ಮರಕ್ಕೆ ಕಟ್ಟಿ ಹೊಡೆಯಬೇಕೆಂದು ತೀರ್ಮಾನ. ಕಟ್ಟಲು ಯಾರೂ ಅವನನ್ನು ಮುಟ್ಟುವಂತಿಲ್ಲ. "ನೀನೇ ತಬ್ಬಿಕೊಂಡು ನಿಲ್ಲು," ಎಂದರು. ತಬ್ಬಿಕೊಂಡ. ದೂರದಿಂದ ಹೊಡೆಯಬೇಕಲ್ಲ, ಉದ್ದದ ಬಿದಿರು ತಂದರು. ಅರ್ಧ ಪೆಟ್ಟು ಮರಕ್ಕೆ ಬಿತ್ತು, ಎರಡು ಎಳನೀರು ಉದುರಿದವು. ಉಳಿದರ್ಧ ಅವನಿಗೇ ಬಿತ್ತು. ಅವನ ಎಡಗೈ ಮತ್ತೆಂದೂ ಭುಜದಿಂದ ಮೇಲೆ ಏಳಲಿಲ್ಲ.

ಆ ಸಲ ಕಗ್ಗವನ್ನು ಅವನು ಒಂದೇ ಕೈಯಲ್ಲಿ ಕೊಯ್ದ.

ಕೊಯ್ಲಿನ ನಡುವೆ ಒಂದು ಬೆಳಿಗ್ಗೆ ಒಡೆಯರು ಕುಮಟೆಗೆ ಹೊರಟರು. ನಡೆದೇ ಹೊರಟರು, ಹಿಂದೆ ಭಟ್ಟರು. ದಾರಿ ಇದ್ದದ್ದು ಆ ದಂಡೆ ಒಂದೇ. ದಂಡೆಯ ನಡುವೆ ಮೋಟಾರಿನ ಮಾಡು, ಮಾಡಿನ ಮೇಲೆ ಗಂಗಿ ಅತ್ತಿಗೆ ಕಾಲು ಇಳಿಬಿಟ್ಟು ಕೂತು ಬಳಚು ಬಿಡಿಸುತ್ತಿದ್ದಳು. ಪಕ್ಕದಲ್ಲಿ ಹಾರ್ನು.

"ಏಳೇ ಅಲ್ಲಿಂದ!" ಎಂದು ದೂರದಿಂದಲೇ ಕೂಗಿದರು ಒಡೆಯರು.

ಗಂಗಿ ತಲೆ ಎತ್ತಲಿಲ್ಲ. ಒಂದು ಬಳಚು ಬಿಡಿಸಿ ಚಿಪ್ಪನ್ನು ನದಿಗೆ ಎಸೆದಳು. ಒದ್ದೆ ಕೈಯಲ್ಲೇ ಹಾರ್ನು ಎತ್ತಿ ಹಿಚುಕಿದಳು.

ಪೊಂಯ್ಕ್.

ಗಜನಿಯಲ್ಲಿ ಕುಡುಗೋಲು ಹಿಡಿದಿದ್ದ ನಾವೆಲ್ಲ ಬೆನ್ನು ನೆಟ್ಟಗೆ ಮಾಡಿ ನೋಡಿದೆವು. ಭಟ್ಟರು ಕೊಡೆ ಮಡಿಸಿ ಕಂಕುಳಿಗೆ ಸಿಕ್ಕಿಸಿದರು. ಒಡೆಯರು ಪಂಚೆ ಮೇಲೆತ್ತಿ, ಕಾಲಿನ ಜೋಡು ಕೈಗೆ ತೆಗೆದುಕೊಂಡು, ದಂಡೆ ಬಿಟ್ಟು ಕೆಸರಿಗೆ ಇಳಿದರು.