ಮಂಜಿಲ್ಲದ ಶನಿವಾರ

ನೆನೆಸಿದ ಅವರೆಕಾಳನ್ನು ಕಾತ್ಯಾಯಿನಿ ಒಂದೊಂದಾಗಿ ಹಿತುಕುತ್ತ, ಬೇಳೆಯನ್ನು ಪಾತ್ರೆಗೂ ಸಿಪ್ಪೆಯನ್ನು ಹಳೇ ಪೇಪರಿನ ಮೇಲಕ್ಕೂ ಹಾಕುತ್ತಿದ್ದಾಗ ಫೋನು ಬಂತು. ಮೊಯ್ರಾ ಆಂಟಿ ಅನ್ನುವ ಹೆಸರು ಕಂಡದ್ದೇ ಅವಳು ಹಿತುಕುವುದನ್ನು ನಿಲ್ಲಿಸಿದಳು. ಕೈ ಒದ್ದೆಯಾಗಿದೆ ಅಂತ ಬಿಟ್ಟುಬಿಡಬಹುದಿತ್ತು. ಆದರೆ ಎದುರಿಗೇ ಮಗ ಚಿರಂತನ್ ಬ್ರೆಡ್ಡಿಗೆ ಬೆಣ್ಣೆ ಸವರುತ್ತ ಕೂತಿದ್ದ. ಕಿರುಬೆರಳಿನಿಂದ ಸ್ಪೀಕರ್ ಒತ್ತಿದಳು.

"ಪುಸ್ತಕ ಶುಕ್ರವಾರ ಅಚ್ಚಿಗೆ ಹೋಗುತ್ತೆ ಕಾತ್ಯಾ. ನಿಮ್ಮದೊಂದೇ ಬಾಕಿ. ಕರಡು ನೋಡಿ, ತಪ್ಪಿದ್ದರೆ ತಿದ್ದಿ ಕಳಿಸಿ ಅಂದಿದ್ದೆನಲ್ಲ."

"ಅಯ್ಯೋ, ಕಳಿಸಿಯಾಯ್ತು ಆಂಟಿ. ಪೋಸ್ಟಲ್ಲಿದೆ. ಇವತ್ತೋ ನಾಳೆಯೋ ಬಂದುಬಿಡುತ್ತೆ."

ಚಿರಂತನ್‌ನ ಚಾಕು ಬ್ರೆಡ್ಡಿನ ಮೇಲೆ ನಿಂತಿತು.

ಅಚ್ಚಿಗೆ ಹೋಗಲಿದ್ದದ್ದು ಕೀಯಾಸ್ ತಂಡದ ಚರಿತ್ರೆ. ಕೀಯಾ ಅಂದರೆ ಅವರಿದ್ದ ದೇಶದ ದಕ್ಷಿಣ ದ್ವೀಪದ ಬೆಟ್ಟಗಳ ಕಿಡಿಗೇಡಿ ಗಿಳಿ. ಒಟಾಗೋ ಒಳನಾಡಿನ ಒಂದು ಚಿಕ್ಕ ಊರಿನ ಮಕ್ಕಳ ಐಸ್ ಹಾಕಿ ತಂಡಕ್ಕೆ ಅದೇ ಹೆಸರು. ನಲವತ್ತು ವರ್ಷದ ಹಿಂದೆ ಒಂದು ಕೆಟ್ಟ ಚಳಿಗಾಲದಲ್ಲಿ ಊರಂಚಿನ ನೀರಾವರಿ ಹೊಂಡ ಪೂರ್ತಿ ಹೆಪ್ಪುಗಟ್ಟಿತ್ತು. ಕುರಿ ಸಾಕುವವರ ಮಕ್ಕಳು ಪೊರಕೆ ಕೋಲು ಹಿಡಿದು ಬೂಟ್ ಪಾಲಿಷಿನ ಡಬ್ಬಿಯನ್ನು ಅದರ ಮೇಲೆ ಅಟ್ಟಾಡಿಸಿದರು. ಮಾರನೇ ವರ್ಷ ಅಪ್ಪಂದಿರು ನೆಲ ಸಮ ಮಾಡಿ, ಪೈಪಿನಲ್ಲಿ ನೀರು ಬಿಟ್ಟು, ಪದರದ ಮೇಲೆ ಪದರ ಹೆಪ್ಪುಗಟ್ಟಿಸಿ ಅಂಕಣ ಕಟ್ಟಿದರು. ಅಮ್ಮಂದಿರು ಉಣ್ಣೆಯ ಜರ್ಸಿ ಹೆಣೆದರು. ಒದ್ದೆಯಾದರೆ ಒಂದೊಂದೂ ಕುರಿಮರಿಯಷ್ಟು ತೂಗುತ್ತಿತ್ತಂತೆ. ಆಮೇಲೆ ಸೂರು ಬಂತು, ತಂಪು ಮಾಡುವ ಯಂತ್ರ ಬಂತು; ಮಕ್ಕಳು ಮಾತ್ರ ಕಮ್ಮಿಯಾಗುತ್ತ ಹೋದರು. ಮೂವತ್ತು ವರ್ಷ ತಂಡದ ಮೇನೇಜರಾಗಿದ್ದ ಮೊಯ್ರಾ, ಆಡುವವರು ಸಾಲದೆ ಮನೆಮನೆಯ ಬಾಗಿಲು ತಟ್ಟುವಂತಾಯಿತು.

ಕಾತ್ಯಾಯಿನಿ ಆ ಊರಿನ ಆಸ್ಪತ್ರೆಯಲ್ಲಿ ನರ್ಸಾಗಿದ್ದಳು. ಆಸ್ಪತ್ರೆಯ ಕಾರು ನಿಲ್ಲಿಸುವ ಜಾಗದಲ್ಲಿ, ಬರುವ ಚೆಂಡನ್ನೆಲ್ಲ ಶಾಲೆಯ ಚೀಲದಿಂದ ತಡೆಯುತ್ತಿದ್ದ ಚಿರಂತನ್‌ನನ್ನು ಮೊಯ್ರಾ ಕಂಡು, "ಇವನನ್ನು ನನಗೆ ಕೊಡಿ" ಅಂದರು. ಮೈಸೂರಿನ ಹುಡುಗ, ಐಸಿನ ಮೇಲೆ ಕಾಲಿಟ್ಟವನಲ್ಲ. ಮೊಯ್ರಾ ಸೊಂಟ ಹಿಡಿದುಕೊಂಡು ನಡೆಸಿದರು, ಬಿದ್ದಾಗಲೆಲ್ಲ ಎಬ್ಬಿಸಿದರು. ಅವನು ಗೋಲಿಯಾಗಿ, ಅಂದರೆ ಗೋಲು ಕಾಯುವವನಾಗಿ, ನಿಂತ ಮೂರನೇ ವರ್ಷ ಕೀಯಾಸ್ ಮೊದಲ ಸಲ ಫೈನಲ್ ಮುಟ್ಟಿತು.

ಅದೇ ಹೊತ್ತಿಗೆ ಕಾತ್ಯಾಯಿನಿಯ ಗಂಡ ಬದರಿನಾಥನಿಗೆ ದೂರದ ಉತ್ತರ ದ್ವೀಪದ ಟೌರಂಗಾ ಬಂದರಿನಲ್ಲಿ ಕೆಲಸವಾಯಿತು. ಮನೆ ಕೊಂಡರು. ಮೈಸೂರಿನ ಪುರೋಹಿತರು ಗೃಹಪ್ರವೇಶಕ್ಕೆ ಇಟ್ಟುಕೊಟ್ಟ ಮುಹೂರ್ತ, ಫೈನಲ್ ನಡೆಯುವ ಶನಿವಾರವೇ. ಬೀಳ್ಕೊಡುವಾಗ ಮೊಯ್ರಾ ಅವಳ ಎರಡೂ ಕೈ ಹಿಡಿದು, "ಫೈನಲ್ಲಿಗೆ ಕರಕೊಂಡು ಬರ್ತೀರಲ್ಲ?" ಎಂದು ಕೇಳಿದರು. ಕಾತ್ಯಾಯಿನಿಗೆ ಮುಹೂರ್ತ ಗೊತ್ತಿತ್ತು. ಗೊತ್ತಿದ್ದೂ "ಖಂಡಿತ ಬರ್ತೀವಿ" ಅಂದಳು. ಅವಳು ಬೆಳೆದ ಮನೆಯಲ್ಲಿ ಯಾರ ಮುಖದ ಮೇಲೂ ಇಲ್ಲ ಅನ್ನುತ್ತಿರಲಿಲ್ಲ. ಮದುವೆಗೆ ಕರೆಯಲು ಬಂದವರಿಗೆಲ್ಲ ಖಂಡಿತ ಅನ್ನುವುದು, ಕರೆದವರು ಅದರಲ್ಲಿ ಅರ್ಧ ಜನಕ್ಕೆ ಎಲೆ ಹಾಕಿಸುವುದು. ಮೊಯ್ರಾಗೆ ಈ ಲೆಕ್ಕ ತಿಳಿಯದು. ಅವರು ಬೇರೆ ಗೋಲಿಯನ್ನೇ ಹುಡುಕಲಿಲ್ಲ.

ಆ ಶನಿವಾರ ಒಲೆಯ ಮೇಲೆ ಹಾಲು ಉಕ್ಕುತ್ತಿದ್ದಾಗ, ಆಕ್ಲೆಂಡಿನ ಬಾಟನಿ ಡೌನ್ಸಿನಿಂದ ಬಂದ ನೆಂಟರ ನಡುವೆ ನಿಂತು ಕಾತ್ಯಾಯಿನಿ ಮೆಸೇಜು ಕಳಿಸಿದಳು: ನಿಮ್ಮ ಕಡೆ ಮಂಜಂತೆ, ವಿಮಾನ ಇಳಿಯುವುದಿಲ್ಲವಂತೆ, ರದ್ದಾಯಿತು. ಮಗನಿಗೂ ಅದನ್ನೇ ಹೇಳಿದಳು. ಟಿಕೆಟನ್ನು ಅವಳು ತೆಗೆದೇ ಇರಲಿಲ್ಲ. ಅಲ್ಲಿ ಮೊಯ್ರಾ ತಮ್ಮ ಹತ್ತು ವರ್ಷದ ಮೊಮ್ಮಗಳಿಗೆ ಎದೆಮಟ್ಟದ ಪ್ಯಾಡು ಕಟ್ಟಿ ಗೋಲು ಕಾಯಲು ನಿಲ್ಲಿಸಿದರು. ಹದಿನಾಲ್ಕು–ಸೊನ್ನೆ. ಮುಂದಿನ ಚಳಿಗಾಲಕ್ಕೆ ತಂಡ ಕೂಡಿಬರಲೇ ಇಲ್ಲ.

ಈಗ ಕರಡಿನ ಕೊನೆಯ ಪುಟದಲ್ಲಿ ಹೀಗಿತ್ತು: "ಮಂಜಿನಿಂದ ವಿಮಾನ ರದ್ದಾಗಿ ನಮ್ಮ ಗೋಲಿ ಬರಲಾಗಲಿಲ್ಲ. ಇದರಲ್ಲಿ ಯಾರ ತಪ್ಪೂ ಇಲ್ಲ." ಮೇ ತಿಂಗಳಲ್ಲಿ ಅದನ್ನು ಓದಿ ಫ್ರಿಜ್ಜಿನ ಮೇಲಿಟ್ಟವಳು, ಅಕ್ಟೋಬರ್ ಬಂದರೂ ಮುಟ್ಟಿರಲಿಲ್ಲ.

"ಪೋಸ್ಟಲ್ಲಿದೆಯಾ?" ಅವಳು ಫೋನಿಟ್ಟದ್ದೇ ಚಿರಂತನ್ ಕೇಳಿದ.

"ನಾಳೆ ಹಾಕ್ತೀನಿ ಬಿಡೋ."

"ಲೈಕ್ ದ ಫ್ಲೈಟ್?"

ಅವಳ ಬೆರಳಿನಿಂದ ಕಾಳು ಜಾರಿತು. "ಯಾವ ಫ್ಲೈಟು?"

"ಅಮ್ಮಾ, ದೇರ್ ವಾಸ್ ನೋ ಫಾಗ್." ತೀರಾ ಮುಖ್ಯವಾದದ್ದನ್ನು ಹೇಳುವಾಗ ಮಾತ್ರ ಅವನು ಕನ್ನಡಕ್ಕೆ ಬರುತ್ತಿದ್ದ. "ನಂಗೆ ಪಂಚೆ ಉಡಿಸಿ ಪೂಜೆಗೆ ಕೂರಿಸಿದ್ರಲ್ಲ, ಆಗ್ಲೇ ಫೋನಲ್ಲಿ ವೆದರ್ ನೋಡಿದೆ. ಕಿಟ್ ಕಾರಲ್ಲೇ ಇತ್ತು."

"ಮತ್ತೆ ಯಾಕೋ ಕೇಳ್ಲಿಲ್ಲ?"

"ಕೇಳಿದ್ರೆ ನೀನು ಇನ್ನೊಂದು ಸುಳ್ಳು ಹೇಳ್ತಿದ್ದೆ."

ಕೋಪದಿಂದ ಅಂದಿದ್ದರೆ ತಡೆದುಕೊಳ್ಳುತ್ತಿದ್ದಳೇನೋ. ಅವನು ಬೆರಳಿನ ಬೆಣ್ಣೆ ನೆಕ್ಕುತ್ತ ಅಂದ.

"ನಾನೂ ಹುಡುಗರಿಗೆ ಫಾಗ್ ಅಂತಲೇ ಹೇಳಿದೆ. ಇನ್ನೂ ನನ್ನ ಫಾಗಿ ಅಂತಾರೆ. ಆಕ್ಲೆಂಡ್ ಟೀಮ್ ಇತ್ತಲ್ಲ, ನಮ್ಮ ಆಪೊಸಿಷನ್ನು, ಅವರು ಅವತ್ತು ಬೆಳಿಗ್ಗೆ ಅದೇ ಏರ್‌ಪೋರ್ಟಲ್ಲಿ ಇಳಿದ್ರು. ಎಲ್ಲರಿಗೂ ಗೊತ್ತು ಅಮ್ಮಾ. ಮೊಯ್ರಾಗೂ."

ಕಾತ್ಯಾಯಿನಿಯ ಮುಖ ಕಿವಿಯವರೆಗೆ ಬಿಸಿಯಾಯಿತು. ಸುಳ್ಳು ತನ್ನೊಬ್ಬಳಲ್ಲೇ ಇದೆ ಅಂತ ಎರಡು ವರ್ಷ ನಂಬಿಕೊಂಡಿದ್ದಳು. ಊರೆಲ್ಲ ಅದನ್ನು ಅವಳ ಪರವಾಗಿ ಹೊತ್ತಿತ್ತು. ಮಗ ಅಡ್ಡಹೆಸರು ಹೊತ್ತಿದ್ದ. ಆ ಮುದುಕಿ, ತನ್ನ ಆಯುಷ್ಯವನ್ನೇ ಸುರಿದ ಪುಸ್ತಕದಲ್ಲಿ, ಇಲ್ಲದ ಮಂಜನ್ನು ಬರೆದಿದ್ದಳು.

ಗ್ಯಾರೇಜಿನಿಂದ ಬಂದ ಬದರಿನಾಥ ಬಾಗಿಲಲ್ಲೇ ಎಲ್ಲ ಕೇಳಿಸಿಕೊಂಡಿದ್ದ. "ಅವರೇ ಮುಚ್ಚಿ ಬರೆದಿದ್ದಾರಲ್ಲೇ. ಇನ್ನು ನಾವ್ಯಾಕೆ ಕೆದಕೋದು? ಯಾರಿಗೇನು ನಷ್ಟ?"

"ಆ ಮಗು ಹದಿನಾಲ್ಕು ಸಲ ಗೋಲಾಗೋದನ್ನ ನೋಡ್ತಾ ನಿಂತಿತ್ತು ರೀ," ಅಂದಳು. "ಯಾರ ತಪ್ಪೂ ಇಲ್ಲ ಅಂತ ಅಚ್ಚಾದ್ರೆ, ತಪ್ಪು ಅದರ ತಲೆ ಮೇಲೇ ಉಳಿಯುತ್ತೆ."

ಕೈ ತೊಳೆದು ಅಲ್ಲೇ ಬರೆಯಲು ಕೂತಳು. ಪೋಸ್ಟಲ್ಲಿದೆ ಅಂದದ್ದು ನಿಜವಲ್ಲ, ಈಗ ಬರೆಯುತ್ತಿದ್ದೇನೆ. ಮಂಜಿರಲಿಲ್ಲ. ಟಿಕೆಟ್ ತೆಗೆದಿರಲಿಲ್ಲ. ನೀವು ಕೇಳಿದ ದಿನವೇ ಆಗುವುದಿಲ್ಲ ಅನ್ನಬೇಕಿತ್ತು, ಅನ್ನಲಿಲ್ಲ. ಚಿರಂತನ್ ಬರಲು ತಯಾರಾಗಿದ್ದ. ಮಂಜು ತೆಗೆದು ಇದನ್ನೇ ಹಾಕಿ, ನನ್ನ ಹೆಸರಿನೊಂದಿಗೆ. ನಿಮ್ಮ ಮೊಮ್ಮಗಳಿಗೂ ಓದಿ ಹೇಳಿ.

ಚಿರಂತನ್ ಭುಜದ ಮೇಲಿಂದ ಬಗ್ಗಿ ಓದಿದ. "‘ಸಾರಿ’ ಅನ್ನೋದು ಏಳು ಸಲ ಇದೆ. ಒಂದು ಸಾಕು."

ಆರನ್ನು ಹೊಡೆದುಹಾಕಿದಳು.

ಹತ್ತಿರದ ಅಂಚೆ ಡಬ್ಬಿಯನ್ನು ಹೋದ ವರ್ಷವೇ ಕಿತ್ತುಕೊಂಡು ಹೋಗಿದ್ದರು. ಎರಡು ಬೀದಿ ಆಚೆಯ ಡೈರಿಯವನೇ, ಅಂದರೆ ಚಿಲ್ಲರೆ ಅಂಗಡಿಯವನೇ, ಕೊರಿಯರ್ ತೆಗೆದುಕೊಳ್ಳುತ್ತಿದ್ದ. ಅಲ್ಲಿ ತನಕ ನಡೆದಳು. ಅವನು ಕವರನ್ನು ತಿರುಗಿಸಿ ನೋಡಿ, "ಅರ್ಜೆಂಟಾ?" ಅಂದ.

"ತುಂಬ ತಡ ಆಗಿದೆ," ಅಂದಳು ಕಾತ್ಯಾಯಿನಿ. ಅವನು ಅದನ್ನು ಸಂಜೆಯ ಚೀಲದೊಳಕ್ಕೆ ಹಾಕಿ ಹಗ್ಗ ಎಳೆದ.