ದಿನವಿಶೇಷದ ನಾಲ್ಕನೆಯ ಸಾಲು

"ಮುಗೀತೇನ್ರಿ?" ಎಂದು ಕೇಳಿದಳು ಕುಮುದಿನಿ. ಒಂದು ಕೈಯಲ್ಲಿ ಸೀಮೆಸುಣ್ಣ, ಇನ್ನೊಂದರಲ್ಲಿ ಒದ್ದೆ ಬಟ್ಟೆ. ವಾಚನಾಲಯದ ಕಟ್ಟೆಯ ಮೇಲಿನ ಕರಿಹಲಗೆಯಲ್ಲಿ ಮೇ 29ರ ದಿನವಿಶೇಷ ಮೂರು ಸಾಲು ತುಂಬಿತ್ತು. 1453ರಲ್ಲಿ ತುರ್ಕರು ಕಾನ್‌ಸ್ಟಾಂಟಿನೋಪಲ್ ಗೆದ್ದದ್ದು, 1919ರ ಗ್ರಹಣದಲ್ಲಿ ಐನ್‌ಸ್ಟೈನರ ಮಾತು ಪರೀಕ್ಷೆಗೆ ನಿಂತದ್ದು, 1953ರಲ್ಲಿ ತೇನ್‌ಸಿಂಗ್ ಮತ್ತು ಹಿಲರಿ ಎವರೆಸ್ಟ್ ಏರಿದ್ದು.

"ಮುಗೀತು," ಎಂದರು ಪರಚುರೆ ಮಾಸ್ತರರು. "ಎವರೆಸ್ಟಿನ ಮ್ಯಾಲೆ ಇನ್ನೇನದ?" ಹಾಗೆಂದವರೇ ಪತ್ರಿಕೆ ಓದಲು ಒಳಗೆ ನಡೆದರು.

ಸಾತಾರೆಯ ಹತ್ತಿರದ ನಮ್ಮ ವಾಯಿಯಲ್ಲಿ ಕೃಷ್ಣೆಯ ಸ್ನಾನಘಟ್ಟಕ್ಕೆ ಹೋಗುವವರು ಈ ಹಲಗೆ ಓದದೆ ಮುಂದೆ ಹೋಗುವುದಿಲ್ಲ. ಮಾಸ್ತರರು ನಲವತ್ತು ವರ್ಷ ಮುತ್ತಿನಂಥ ಅಕ್ಷರದಲ್ಲಿ ಬರೆದರು. ಹೋದ ದೀಪಾವಳಿಯಿಂದ ಬಲಗೈ ನಡುಗತೊಡಗಿ, ಈಗ ಅವರು ಹೇಳುತ್ತಾರೆ, ಹೆಂಡತಿ ಬರೆಯುತ್ತಾಳೆ. ಯಾವ ರಾಜ ಎಂದು ಪಟ್ಟವೇರಿದ, ಯಾವ ಹಡಗು ಎಂದು ಮುಳುಗಿತು, ಎಲ್ಲ ಅವರ ನಾಲಿಗೆಯ ತುದಿಯಲ್ಲಿ. ತಮ್ಮ ಲಗ್ನದ ತಾರೀಖೊಂದು ಮಾತ್ರ ಇಲ್ಲ. ಇದು ಕುಮುದಿನಿಯ ಹಳೆಯ ನೋವು. ತಾನೇ ಬರೆಯುತ್ತಿರುವಾಗಲಾದರೂ ನೆನಪಾದೀತು ಎಂದು ಈ ಸಲ ಆಸೆಯಿಂದ ಕಾದಿದ್ದಳು.

ಸಿಟ್ಟಿಗೆ ಅವಳು ಸ್ಟೂಲನ್ನು ಮತ್ತೆ ಹಲಗೆಯ ಹತ್ತಿರ ಎಳೆದಳು. ಒಡಪಿನ ಪ್ರಾಸದಲ್ಲಲ್ಲದೆ ಗಂಡನ ಹೆಸರೆತ್ತದವಳು, ಊರಿನ ಹಲಗೆಯ ಮೇಲೆ ಅದನ್ನು ಎರಡು ಸಲ ಬರೆದಳು: "1971 – ಮೋರೇಶ್ವರ ಪರಚುರೆ ಮತ್ತು ಕುಮುದಿನಿ ಇವರ ಲಗ್ನ. ಮರೆತವರು: ಮೋರೇಶ್ವರ ಪರಚುರೆ."

ಮಾಸ್ತರರು ಹೊರಗೆ ಬರುವಷ್ಟರಲ್ಲಿ ಕಟ್ಟೆಯ ತುಂಬ ನಗು. ಗ್ರಂಥಪಾಲ ಸದಾನಂದ ಪೋಳ ಕೈ ಮುಂದೆ ಚಾಚಿದ. "ಅಭಿನಂದನ ಮಾಸ್ತರ! ಪೇಡೆ ಎಲ್ಲ್ಯಾವ?"

ಜನ ನಕ್ಕದ್ದಕ್ಕೆ ಅವರಿಗೆ ಬೇಸರವಾಗಲಿಲ್ಲ. ಕನ್ನಡಕ ಸರಿಮಾಡಿಕೊಂಡು ನಾಲ್ಕನೆಯ ಸಾಲನ್ನು ಮತ್ತೊಮ್ಮೆ ಓದಿದರು. "ಈ ಹಲಗೀ ಮ್ಯಾಲೆ ಇಷ್ಟು ವರ್ಷದಾಗ ಒಂದು ತಪ್ಪು ಬಂದಿದ್ದಿಲ್ಲ."

"ತಪ್ಪೇನದ? ನಮ್ಮ ಲಗ್ನ ಆಗಿಲ್ಲೇನು?"

"ಆಗೇದ. ಆದರ ಇವತ್ತಲ್ಲ. ಇವತ್ತು ವೈಶಾಖ ಬಹುಳ ದಶಮಿ. ನಮ್ಮ ಲಗ್ನ ಜ್ಯೇಷ್ಠ ಶುದ್ಧ ಪಂಚಮಿ. ಮುಂದಿನ ವಾರ ಶುಕ್ರವಾರ ಬರತದ."

ಪೋಳ ಹಣೆ ಬಡಿದುಕೊಂಡ. "ಶಿವಾಜಿ ಜಯಂತಿ ತಾರೀಖಿಗೇ ಆಗಬೇಕು, ತಿಥಿಗೆ ಬ್ಯಾಡ ಅಂತ ಗಂಟ್ಲು ಹರಕೊಂಡವರು ನೀವ ಅಲ್ಲೇನ್ರಿ ಮಾಸ್ತರ?"

"ಅದು ಊರಿಂದು, ಇದು ಮನೀದು. ನೀ ಏನು ದೀಪಾವಳಿ ತಾರೀಖು ನೋಡಿ ಮಾಡತೀಯೇನು?"

ಕುಮುದಿನಿ ಮನಸ್ಸಿನಲ್ಲೇ ಹಿಂದಿನ ವರ್ಷಗಳನ್ನು ಎಣಿಸಿದಳು. ವರ್ಷಕ್ಕೊಮ್ಮೆ ಈ ಮನುಷ್ಯ ಬಸ್ಸು ಹತ್ತಿ ಸಾತಾರೆಗೆ ಹೋಗಿ, ಒಂದು ಪೊಟ್ಟಣ ಪೇಡೆ, ಎರಡು ಸಂಪಿಗೆ ಹೂವು ತರುತ್ತಿದ್ದರು. ಒಮ್ಮೆ ಮೇ ತಿಂಗಳಲ್ಲಿ, ಒಮ್ಮೆ ಜೂನಿನ ಮಳೆಯಲ್ಲಿ. ಯಾತಕ್ಕೆ ಎಂದು ಕೇಳಿದರೆ, "ಸುಮ್ಮನ ತಿನ್ನು" ಎನ್ನುವರು. ತಾರೀಖು ಮರೆತ ಸಿಟ್ಟಿಗೆ ಅವಳು ಎಷ್ಟೋ ಸಲ ಆ ಪೇಡೆಯನ್ನು ಪಕ್ಕದ ಮನೆಗೆ ಕೊಟ್ಟುಬಿಟ್ಟಿದ್ದಳು.

"ಹಾಂಗಾರ ಆ ಪೇಡೆ?" ಎಂದಳು ಸಣ್ಣ ದನಿಯಲ್ಲಿ.

"ಮತ್ತೇನು? ಸಕ್ಕರಿ ಬ್ಯಾನಿ ಇದ್ದವ ನಾ, ನನ್ನ ಬಾಯಿ ಚಪಲಕ್ಕ ಹೋಗತಿದ್ದೆನೇನು?"

"ಬಾಯಿಬಿಟ್ಟು ಒಂದು ಮಾತು ಹೇಳಬಾರದಾಗಿತ್ತೇನ್ರಿ?"

"ನಿನಗ ಗೊತ್ತದ ಅಂತ ತಿಳದಿದ್ದೆ. ತಿಥಿ ವಾರ ಎಲ್ಲಾ ನಿನ್ನ ಅಡಿಗೀಮನೀ ಗ್ವಾಡೀಗೆ ತೂಗತಾವಲ್ಲ."

ಅವಳು ಸ್ಟೂಲಿನ ಮೇಲೆ ಕುಳಿತೇಬಿಟ್ಟಳು. ನಾಚಿಕೆಯಾಯಿತು. ಅದಕ್ಕಿಂತ ಹೆಚ್ಚಾಗಿ, ಎಷ್ಟೋ ವರ್ಷಗಳ ಸಂತೋಷ ಒಟ್ಟಿಗೇ ಬಂದು ಎದೆ ತುಂಬಿತು. "ತೊಂಬತ್ತನೇ ಇಸವಿಯಾಗ ಸರೀ ಇಪ್ಪತ್ತೊಂಬತ್ತಕ್ಕ ತಂದಿದ್ರಿ. ಆಮ್ಯಾಲೆ ಎರಡು ಸಾವಿರದ ಒಂಬತ್ತರಾಗ. ಎರಡು ಸಲರೆ ನೆನಪಾತಲ್ಲ ಅಂತ ದೇವರ ಮುಂದ ತುಪ್ಪದ ದೀಪ ಹಚ್ಚಿದ್ದೆ."

"ಹತ್ತೊಂಬತ್ತು ವರ್ಷಕ್ಕೊಮ್ಮೆ ತಿಥಿ, ತಾರೀಖು ಒಂದ ದಿನಾ ಬರತಾವ."

"ಮತ್ತ ಯಾವಾಗ?"

ಮಾಸ್ತರರು ನಡುಗುವ ಬೆರಳುಗಳ ಮೇಲೆ ಎಣಿಸಿದರು. "ಎರಡು ಸಾವಿರದ ಇಪ್ಪತ್ತೆಂಟು."

ಅದಕ್ಕೆ ಇನ್ನೂ ಒಂಬತ್ತು ವರ್ಷವಿತ್ತು. ಪೋಳ ಮೆಲ್ಲಗೆ ಒಳಗೆ ಹೋದ.

"ಅಲ್ಲೀತನಕಾ ಇರತೀರೇನು?" ಎಂದಳು, ಚುಚ್ಚಿದ ಹಾಗೆ. ದನಿ ಮಾತ್ರ ಚುಚ್ಚಲಿಲ್ಲ.

"ನೀ ಬರೀಲಿಕ್ಕೆ ಇದ್ರ, ನಾ ಹೇಳಲಿಕ್ಕೆ ಇರತೀನಿ."

ಅವಳು ಎದ್ದು, ಒದ್ದೆ ಬಟ್ಟೆಯಿಂದ "ಮರೆತವರು" ಎಂಬಲ್ಲಿಂದ ಮುಂದಿನದನ್ನು ಒರೆಸಿದಳು.

"ಸಾಲು ಪೂರಾ ಒರಸು. ತಪ್ಪದ ಅದು."

"ತಿಥಿ ನಿಮ್ಮದು, ತಾರೀಖು ನಂದು. ಇರಲಿ."

ಮಾಸ್ತರರು ಕೊಡೆ ತೆಗೆದುಕೊಂಡು ಮೆಟ್ಟಿಲ ಬಳಿ ಕಾಯುತ್ತ ನಿಂತರು. ಕುಮುದಿನಿ ಉಳಿದ ಸೀಮೆಸುಣ್ಣದ ತುಂಡನ್ನು ದಿನದ ಹಾಗೆ ಡಬ್ಬಿಗೆ ಹಾಕಲಿಲ್ಲ. ಸೆರಗಿನ ತುದಿಗೆ ಗಂಟು ಹಾಕಿಕೊಂಡು, ಅವರ ನಡುಗುವ ಕೈ ಹಿಡಿದು ಮೆಟ್ಟಿಲಿಳಿದಳು.