ಒಂದು ಬಟ್ಟಲು ಹೆಪ್ಪು

ನನ್ನ ಕಸುಬು ತಟ್ಟೆ ನೋಡುವುದು. ಈ ಊರಿನಲ್ಲಿ ಯಾವ ಮದುವೆಯೂ ನನ್ನ ತಟ್ಟೆ ದಾಟದೆ ನಡೆಯುವುದಿಲ್ಲ. ಹೆಣ್ಣಿನ ಮನೆಯ ಗೋಡೆಯಿಂದ ಉಗುರಿನಷ್ಟು ಬೂಷ್ಟು, ಗಂಡಿನ ಮನೆಯ ಗೋಡೆಯಿಂದ ಅಷ್ಟೇ ಬೂಷ್ಟು ಕೆರೆದು ತಂದು, ತೌಡು ಹರಡಿದ ತಟ್ಟೆಯ ಎರಡು ತುದಿಗಿಟ್ಟು ಒಂಬತ್ತು ದಿನ ಮುಚ್ಚಿಡುತ್ತೇನೆ. ಎರಡೂ ಬೆಳೆಯುತ್ತ ಬಂದು ನಡುವೆ ಸಂಧಿಸುತ್ತವೆ. ಅಲ್ಲಿ ಸಣ್ಣ ಕಂದು ಗೆರೆ ಮೂಡಿದರೆ ಮದುವೆ ಆಗಬಹುದು. ದಪ್ಪ ಕಪ್ಪು ಗೆರೆ ಎದ್ದರೆ ಗೋಡೆಗಳೇ ಬೇಡ ಎಂದ ಹಾಗೆ.

ನಮ್ಮ ಮನೆಗಳ ಗೋಡೆ ಹೆಪ್ಪು ಹಾಕಿ ಬೆಳೆಸಿದ ಬೂಷ್ಟಿನದು. ನಾವು ಮಲಗುವುದು ಬೂಷ್ಟು ಹೆಣೆದ ಹಾಸಿಗೆಯ ಮೇಲೆ, ಓದುವುದು ಅಣಬೆ ದೀಪದ ಹಸಿರು ಬೆಳಕಲ್ಲಿ. ಬೆಳಿಗ್ಗೆ ಮನೆಮಂದಿಗಿಂತ ಮೊದಲು ಗೋಡೆಗೆ ತೌಡಿನ ನೀರು ಉಣಿಸದಿದ್ದರೆ ಬಾಗಿಲು ಮುನಿಸಿಕೊಂಡು ಬಿಗಿದುಕೊಳ್ಳುತ್ತದೆ, ಕಚೇರಿಗೆ ತಡವಾಗುತ್ತದೆ. ಇಂಥ ಜನಕ್ಕೆ ಹೆತ್ತ ಮಗಳ ಮಾತಿಗಿಂತ ಗೋಡೆಯ ಮಾತೇ ದೊಡ್ಡದು.

ಈಗ ನಿಜ ಹೇಳುತ್ತೇನೆ. ಗೆರೆ ಎಲ್ಲ ತಟ್ಟೆಯಲ್ಲೂ ಬರುತ್ತದೆ. ಬೇರೆ ಬೇರೆ ಮನೆಯ ಬೂಷ್ಟು ಎಂದಮೇಲೆ ನಡುವೆ ಬೇಲಿ ಹಾಕಿಕೊಂಡೇ ತೀರುತ್ತವೆ. ಮುಚ್ಚಳದ ತೂತಿನಿಂದ ದಿನಾ ಎರಡು ಹನಿ ನೀರು ಬಿಟ್ಟರೆ ಗೆರೆ ಸಣ್ಣ, ಒಣಗಲು ಬಿಟ್ಟರೆ ದಪ್ಪ. ಇಪ್ಪತ್ತೆರಡು ವರ್ಷದಿಂದ ಈ ಊರಿನ ಮದುವೆಗಳನ್ನು ಮಾಡಿಸಿದ್ದೂ ಮುರಿದದ್ದೂ ನನ್ನ ನೀರಿನ ತಂಬಿಗೆ. ದೊಡ್ಡವರು ಒಪ್ಪಿದರೆ ಹನಿ ಬೀಳುತ್ತದೆ, ಇಲ್ಲದಿದ್ದರೆ ಇಲ್ಲ. ನನ್ನ ಗುರುಗಳೂ ಹೀಗೇ ಬದುಕಿದರು, ಸುಖವಾಗಿಯೇ ಸತ್ತರು.

ಒಂದು ದಿನ ದೊಡ್ಡಮ್ಮ ಬಂದರು. ಅವರು ಗೋಡೆ ಮಂಡಳಿಯ ಅಧ್ಯಕ್ಷೆ, ಊರಿಗೆಲ್ಲ ದೊಡ್ಡಮ್ಮ. ತಂಗಿ ತೀರಿಕೊಂಡ ಮೇಲೆ ಅವಳ ಮಗಳನ್ನು ಸಾಕಿದವರು. ಅವರ ಜಂಬವೆಲ್ಲ ಮನೆಯ ಗೋಡೆಯದು. ಏಳು ತಲೆಮಾರಿನ ಗೋಡೆಯಂತೆ, ಇನ್ನೊಬ್ಬರ ಹೆಪ್ಪು ಸೋಕಿದ್ದೇ ಇಲ್ಲವಂತೆ. ಅವರ ನಡುಮನೆಯ ಗೂಡಿನಲ್ಲಿ ಒಂದು ಕಿವಿ ಮುರಿದ ಕಂಚಿನ ಬಟ್ಟಲಿದೆ. ವಂಶದ ಮೂಲಪುರುಷ ಅದರಲ್ಲೇ ಕಾಡಿನಿಂದ ಮೊದಲ ಹೆಪ್ಪು ತಂದನಂತೆ, ದಾರಿಯಲ್ಲಿ ಕರಡಿಯ ಜೊತೆ ಹೋರಾಡುವಾಗ ಕಿವಿ ಮುರಿಯಿತಂತೆ. ಈ ಕತೆ ಕೇಳದವರಿಗೆ ಆ ಮನೆಯಲ್ಲಿ ಒಂದು ಲೋಟ ನೀರೂ ಸಿಗುವುದಿಲ್ಲ.

ಸಾಕಿದ ಹುಡುಗಿಯೋ, ಸಂತೆಯ ಹಿಂದಿನ ಓಣಿಯಲ್ಲಿ ಅಚ್ಚಿಗೆ ಬೂಷ್ಟು ತುಂಬಿ ಚಪ್ಪಲಿ ಬೆಳೆಸುವವನಿಗೆ ಮನಸ್ಸು ಕೊಟ್ಟಿದ್ದಳು.

"ತಟ್ಟೆ ಏನು ಹೇಳುತ್ತೋ ಹೇಳ್ಲಿ, ನಾನೇನೂ ಹೇಳೋಕೆ ಬಂದಿಲ್ಲ," ಎಂದು ಕೂತ ದೊಡ್ಡಮ್ಮ, "ಕಪ್ಪು ಗೆರೆ ಮಾತ್ರ ಹೆಬ್ಬೆರಳಿನಷ್ಟು ದಪ್ಪ ಇರ್ಲಿ," ಎಂದು ಎದ್ದುಹೋದರು.

ಮಧ್ಯಾಹ್ನ ಹುಡುಗಿಯೇ ಬಂದಳು. ಒಳಗೆ ಕರೆದರೂ ಬರಲಿಲ್ಲ.

"ನಿಮ್ಮ ತಂಬಿಗೆ ವಿಷಯ ನಂಗೊತ್ತು. ದಿನಾ ಎರಡು ಹನಿ ಹಾಕಿ, ಸಾಕು. ಇದು ಮುರಿದ್ರೆ ನನ್ನನ್ನ ಮಂಡಳಿ ಕಾರ್ಯದರ್ಶಿಗೆ ಕೊಡ್ತಾರೆ. ಅವನಿಗೆ ಐವತ್ತೆರಡು."

"ತಟ್ಟೆ ಹೇಳಿದ ಹಾಗೆ ಆಗುತ್ತಮ್ಮ," ಎಂದು ಅಡ್ಡಗೋಡೆಯ ಮೇಲೆ ದೀಪವಿಟ್ಟೆ.

ಅವಳು ಹೊರಟುಹೋದಳು. ತಂಬಿಗೆಯನ್ನು ಅಟ್ಟಕ್ಕೆ ಎಸೆದೆ. ನಾಚಿಕೆಯಾಯಿತು, ಸುಳ್ಳು ಹೇಳುವುದಿಲ್ಲ. ಆದರೆ ನನ್ನ ಕೆಲಸ ಇರುವುದು ಮಂಡಳಿಯ ಕೈಯಲ್ಲಿ, ನಾಚಿಕೆಯ ಕೈಯಲ್ಲಲ್ಲ.

ಒಂಬತ್ತನೆಯ ದಿನ ಹೆಣ್ಣಿನ ಮನೆಯಲ್ಲಿ ಎಲ್ಲರೆದುರು ಮುಚ್ಚಳ ತೆಗೆಯುವುದು ಪದ್ಧತಿ. ದೊಡ್ಡಮ್ಮನ ನಡುಮನೆ ತುಂಬಿತ್ತು. ಕಾರ್ಯದರ್ಶಿ ಹೊಸ ಅಂಗಿ ತೊಟ್ಟು ಮುಂದಿನ ಸಾಲಿನಲ್ಲೇ ಕೂತಿದ್ದ. ಚಪ್ಪಲಿಯವನು ಪೊರೆಗಣ್ಣಿನ ಅಜ್ಜಿಯನ್ನು ಕೈ ಹಿಡಿದು ಕರೆತಂದು ಬಾಗಿಲ ಬಳಿ ಕೂರಿಸಿದ್ದ. ಹುಡುಗಿ ಗೂಡಿನ ಪಕ್ಕ ಗೋಡೆಗೆ ಬೆನ್ನು ಕೊಟ್ಟು ನಿಂತಿದ್ದಳು.

ಮುಚ್ಚಳ ತೆಗೆದೆ. ಗೆರೆಯೇ ಇರಲಿಲ್ಲ. ಕಂದಿಲ್ಲ, ಕಪ್ಪಿಲ್ಲ, ಈ ತುದಿಯಿಂದ ಆ ತುದಿಗೆ ಒಂದೇ ಬಿಳಿ.

"ಗೆರೆ ಎಲ್ಲಿ?" ಎಂದರು ದೊಡ್ಡಮ್ಮ.

ಇಂಥ ತಟ್ಟೆಯನ್ನು ನಾನು ಕಂಡೇ ಇರಲಿಲ್ಲ, ಗುರುಗಳು ಹೇಳಿದ್ದು ಕೇಳಿದ್ದೆ ಅಷ್ಟೆ. ಗೆರೆ ಬರದಿದ್ದರೆ ಎರಡು ಚೂರೂ ಒಂದೇ ಗೋಡೆಯವು. ಆದರೆ ಎರಡನ್ನೂ ಎರಡು ಮನೆಯಿಂದ ನನ್ನ ಕೈಯಾರೆ ಕೆರೆದು ತಂದಿದ್ದೆ.

"ತಟ್ಟೆ ಇಲ್ಲಿ ತನ್ನಿ," ಎಂದಳು ಅಜ್ಜಿ. ಮೂಗಿನ ಹತ್ತಿರ ಹಿಡಿದು ಈ ತುದಿ ಮೂಸಿದಳು, ಆ ತುದಿ ಮೂಸಿದಳು. "ಎರಡೂ ನಮ್ದೇ. ಕೊಳೆರೋಗ ಬಂದ ವರ್ಷ ಈ ಬೀದಿ ಗೋಡೆಗಳೆಲ್ಲ ಕುಸಿದು ಬಿದ್ವು. ಆಗ ಯಾರೋ ಬಂದು ನಮ್ಮಮ್ಮನ ಹತ್ರ ಒಂದು ಬಟ್ಟಲು ಹೆಪ್ಪು ಇಸ್ಕೊಂಡು ಹೋದ್ರು. ಹೆಪ್ಪು ಹೋಗ್ಲಿ, ಬಟ್ಟಲೂ ವಾಪಸ್ ಬರ್ಲಿಲ್ಲ. ಕಂಚಿಂದು. ಅದರ ಕಿವಿ ಮುರಿದದ್ದು ನಾನೇ, ಐದು ವರ್ಷದವಳಿದ್ದಾಗ. ಬಿದ್ದ ಏಟು ಇನ್ನೂ ನೆನಪಿದೆ."

ಅಜ್ಜಿಗೆ ಗೂಡು ಕಾಣುತ್ತಿರಲಿಲ್ಲ. ಉಳಿದವರಿಗೆ ಕಾಣುತ್ತಿತ್ತು. ಆದರೂ ಮೊದಲು ಅತ್ತ ನೋಡಿದವರು ದೊಡ್ಡಮ್ಮನೇ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಳ್ಳುವುದು ಯಾರ ಬುದ್ಧಿ ಎಂದು ಹೇಳಬೇಕಿಲ್ಲ. ಕಾರ್ಯದರ್ಶಿ ಸೂರನ್ನು ನೋಡತೊಡಗಿದ.

ದೊಡ್ಡಮ್ಮ ಸುಮ್ಮನೆ ಅಧ್ಯಕ್ಷೆಯಾದವರಲ್ಲ. ಒಮ್ಮೆ ಗಂಟಲು ಸರಿಮಾಡಿಕೊಂಡರು. "ಗೆರೆನೇ ಇಲ್ಲ ಅಂದ್ಮೇಲೆ ಇದಕ್ಕಿಂತ ಒಳ್ಳೆ ಜೋಡಿ ಇನ್ನೆಲ್ಲಿದೆ? ಅಲ್ವೇನಯ್ಯಾ?"

"ಇದೇ ಎಲ್ಲಕ್ಕಿಂತ ಶ್ರೇಷ್ಠ," ಎಂದೆ. ನನ್ನ ನಾಲಿಗೆಗೆ ಮೂಳೆ ಇಲ್ಲ.

"ಹಾಗಾದ್ರೆ ಮುಗೀತು. ಹಳೇ ಕತೆ ಎಲ್ಲ ಯಾಕೀಗ?"

ಹುಡುಗಿ ಗೂಡಿನಿಂದ ಬಟ್ಟಲು ತೆಗೆದು ಅಜ್ಜಿಯ ಮಡಿಲಲ್ಲಿಟ್ಟಳು. "ಹಾಗಾದ್ರೆ ಆ ಕರಡಿ ನೀವೇ ಅಜ್ಜಿ," ಎಂದಳು. ಅಜ್ಜಿಗೆ ಅರ್ಥವಾಗಲಿಲ್ಲ. ಮುರಿದ ಕಿವಿಯ ಮೇಲೆ ಬೆರಳಾಡಿಸುತ್ತ ಕೂತಳು.

ಮದುವೆಯಾಯಿತು. ವಂಶದ ಬಟ್ಟಲನ್ನೇ ಮಗಳಿಗೆ ಉಡುಗೊರೆ ಕೊಟ್ಟೆ ಎಂದು ದೊಡ್ಡಮ್ಮ ಈಗ ಊರೆಲ್ಲ ಹೇಳುತ್ತಾರೆ. ಕರಡಿಯ ಕತೆ ಹಾಗೆಯೇ ಇದೆ.

ಮೊನ್ನೆ ಹುಡುಗಿ ನನ್ನಲ್ಲಿಗೆ ಒಂದು ಜೊತೆ ಹೊಸ ಚಪ್ಪಲಿ ತಂದಳು.

"ಎಲ್ಲ ತಟ್ಟೆಯ ಪುಣ್ಯಮ್ಮ," ಎಂದೆ.

"ಅವತ್ತು ತೌಡು ಒಣಗಿ ಬಿರುಕು ಬಿಟ್ಟಿತ್ತು," ಎಂದಳು. "ನಾನು ನೋಡಿದೆ. ಒಂದು ಹನಿನೂ ಹಾಕಿರ್ಲಿಲ್ಲ ನೀವು."

ಚಪ್ಪಲಿ ಒಂದಂಗುಲ ಗಿಡ್ಡ, ಹಿಮ್ಮಡಿ ಕಚ್ಚುತ್ತದೆ. ದಿನಾ ಎರಡು ಹನಿ ನೀರು ಹಾಕಿದರೆ ಬೆಳೆಯುತ್ತದೆ ಎಂದು ಹೇಳಿಹೋಗಿದ್ದಾಳೆ. ತಂಬಿಗೆ ಇಳಿಸಿ ತಂದು ದಿನವೂ ತಪ್ಪದೆ ಹಾಕುತ್ತಿದ್ದೇನೆ. ಅದು ಕೂದಲೆಳೆಯಷ್ಟೂ ಬೆಳೆದಿಲ್ಲ.